ಒಂದು ಕ್ಷಣದ ಹಿಂದಿನದೂ ಗತಕಾಲವೇ

ಗತಕಾಲವನ್ನು ತೆರೆಯ ಮೇಲೆ ತೋರಿಸುವ ಯಂತ್ರ ಸಿಕ್ಕರೆ ನೀವೇನು ನೋಡುತ್ತೀರಿ? ಹಂಪಿಯ ವೈಭವವನ್ನೇ? ಐಸಾಕ್ ಅಸಿಮೋವ್ ಅವರ 1956ರ ‘ದಿ ಡೆಡ್ ಪಾಸ್ಟ್’ ಕಥೆಯಲ್ಲಿ ಅಂಥದೊಂದು ಯಂತ್ರವಿದೆ. ಹೆಸರು ಕ್ರೋನೋಸ್ಕೋಪ್. ಅದು ಸರ್ಕಾರದ ಹತೋಟಿಯಲ್ಲಿದೆ. ಪ್ರಾಚೀನ ಕಾರ್ಥೇಜ್ ನಗರವನ್ನು ನೋಡಬೇಕೆಂದು ಇತಿಹಾಸದ ಪ್ರಾಧ್ಯಾಪಕರೊಬ್ಬರು ಕೇಳಿದರೆ ಅನುಮತಿ ಸಿಗುವುದಿಲ್ಲ. ಕಾರಣ ತಿಳಿಯುವುದು ಕೊನೆಯಲ್ಲಿ: ಸಾವಿರಾರು ವರ್ಷ ಹಿಂದಿನದು ಆ ಯಂತ್ರಕ್ಕೆ ಕಾಣುವುದೇ ಇಲ್ಲ. ಆದರೆ ಒಂದು ಕ್ಷಣದ ಹಿಂದಿನದೂ ಗತಕಾಲವೇ ತಾನೇ? ಪಕ್ಕದ ಮನೆಯೊಳಗೆ ಈಗಷ್ಟೇ ನಡೆದದ್ದನ್ನು ಯಾರು ಬೇಕಾದರೂ ನೋಡಬಹುದು!

ಉದ್ಯೋಗ ಹುಡುಕುವ ನಮಗೆ ಇದು ಬರೀ ಕಥೆಯಲ್ಲ. ನಾನು ಹಾಕಿದ ಅರ್ಜಿಯೊಂದರಲ್ಲಿ ಸಾಮಾಜಿಕ ಜಾಲತಾಣದ ಖಾತೆಗಳ ವಿವರವನ್ನೂ ಕೇಳಿದ್ದರು. ಪಿಯುಸಿಯಲ್ಲಿದ್ದಾಗ ಹಾಕಿದ ಪೋಸ್ಟ್‌ಗೂ ಈಗಿನ ಕೆಲಸಕ್ಕೂ ಏನು ಸಂಬಂಧ?

ಖಾಸಗಿತನ ಮೂಲಭೂತ ಹಕ್ಕು ಎಂದು ಸುಪ್ರೀಂ ಕೋರ್ಟ್ 2017ರಲ್ಲಿ ತೀರ್ಪು ನೀಡಿತು. ಆ ಮೊಕದ್ದಮೆ ಹೂಡಿದವರು ನಮ್ಮ ಕರ್ನಾಟಕ ಹೈಕೋರ್ಟ್‌ನ ನಿವೃತ್ತ ನ್ಯಾಯಮೂರ್ತಿ ಕೆ.ಎಸ್. ಪುಟ್ಟಸ್ವಾಮಿ. 2023ರಲ್ಲಿ ಡಿಜಿಟಲ್ ವೈಯಕ್ತಿಕ ದತ್ತಾಂಶ ಸಂರಕ್ಷಣಾ ಕಾಯ್ದೆಯೂ ಬಂತು. ಆದರೆ ನಾವೇ ಸಾರ್ವಜನಿಕವಾಗಿ ಹಾಕಿಕೊಂಡ ಮಾಹಿತಿಗೆ ಅದು ಅನ್ವಯಿಸುವುದಿಲ್ಲ.

‘ನೋಡಿಕೊಂಡು ಪೋಸ್ಟ್ ಹಾಕಿ’ ಎಂಬ ಬುದ್ಧಿಮಾತು ನಮಗೆ ದಿನವೂ ಸಿಗುತ್ತದೆ. ಇಣುಕುವವರಿಗೂ ಒಂದು ನಿಯಮ ಬೇಡವೇ? ಏನು ನೋಡುತ್ತೇವೆ, ಎಷ್ಟು ವರ್ಷ ಹಿಂದಿನದು, ಏಕೆ ಎಂಬುದನ್ನು ಕಂಪನಿಗಳು ಅರ್ಜಿಯಲ್ಲೇ ಬರೆಯಲಿ. ಅದೇ ಕಾರಣಕ್ಕೆ ಕೆಲಸ ಕೊಡದಿದ್ದರೆ ಹಾಗೆಂದು ತಿಳಿಸಲಿ. ಹದಿನೇಳರ ಹುಡುಗಾಟ ಇಪ್ಪತ್ತಮೂರರ ಅನ್ನ ಕಸಿಯಬಾರದು.