‘ಪಿನ್ ಹಾಕಿದೆಯಾ?’ ಎಂದು ಕೇಳಿದರೆ ಸಾಲದು

ವಿಮಾನ ಎಂದರೆ ನಮ್ಮ ಕಣ್ಣ ಮುಂದೆ ಬರುವುದು ರೆಕ್ಕೆ, ಎಂಜಿನ್, ಕಾಕ್‌ಪಿಟ್. ಚಕ್ರದ ಕಡೆಗೆ ಹೆಚ್ಚಿನವರ ಗಮನ ಹೋಗುವುದಿಲ್ಲ. ಆದರೆ ನಿಂತ ವಿಮಾನದ ಕೆಳಗೆ ಕೆಲಸ ಮಾಡುವವರು ಅತ್ಯಂತ ಎಚ್ಚರದಿಂದಿರಬೇಕಾದ ಜಾಗಗಳಲ್ಲಿ ಲ್ಯಾಂಡಿಂಗ್ ಗೇರ್ ಒಂದು. ವಿಮಾನ ನಿರ್ವಹಣೆಯ ಕೋರ್ಸ್ ಓದುತ್ತಿರುವ ನನ್ನ ಅಭಿಪ್ರಾಯ ಇಷ್ಟೇ: ಈ ಕೆಲಸಕ್ಕೆ ಬೇಕಾದ ಮೊದಲ ಅರ್ಹತೆ ಕೈಚಳಕವಲ್ಲ, ‘ಸ್ವಲ್ಪ ತಡೀರಿ ಸರ್’ ಎನ್ನುವ ಧೈರ್ಯ.

ನಿಯಮಗಳು ಕಷ್ಟದವೇನಲ್ಲ. ಕಾರಿನ ಟೈರಿನಲ್ಲಿ 30–35 ಪಿಎಸ್‌ಐ ಗಾಳಿ ಇದ್ದರೆ, ದೊಡ್ಡ ಪ್ರಯಾಣಿಕ ವಿಮಾನದ ಟೈರಿನಲ್ಲಿ ಸುಮಾರು 200 ಪಿಎಸ್‌ಐ ಒತ್ತಡದ ನೈಟ್ರೋಜನ್ ಇರುತ್ತದೆ. ಬ್ರೇಕ್ ಕಾದಿರುವಾಗ ಚಕ್ರದ ಪಕ್ಕದಿಂದ ಹೋಗಬಾರದು. ಮುಂದಿನಿಂದ ಇಲ್ಲವೇ ಹಿಂದಿನಿಂದ ಹೋಗಬೇಕು. ಹಲವು ವಿಮಾನಗಳ ಹೈಡ್ರಾಲಿಕ್ ಪೈಪಿನಲ್ಲಿ 3,000 ಪಿಎಸ್‌ಐ ಒತ್ತಡ ಇರುತ್ತದೆ. ಸೋರಿಕೆಯನ್ನು ಬೆರಳಿನಿಂದ ತಡವಿ ಹುಡುಕಿದರೆ ಸೂಜಿಮೊನೆಯಷ್ಟು ತೂತಿನಿಂದ ಚಿಮ್ಮುವ ಎಣ್ಣೆ ಚರ್ಮವನ್ನೇ ಸೀಳಿ ಒಳಹೋಗಬಹುದು. ಗೇರ್ ಮಡಚಿಕೊಳ್ಳದಂತೆ ಕೆಂಪು ಪಟ್ಟಿಯ ಲಾಕ್ ಪಿನ್ ಹಾಕಿದ ಮೇಲೆಯೇ ಕೆಳಗೆ ಹೋಗಬೇಕು. ಇದನ್ನೆಲ್ಲ ಪರೀಕ್ಷೆಯಲ್ಲಿ ಬರೆದು ಅಂಕ ತೆಗೆಯುತ್ತೇವೆ.

ಆದರೂ ಅವಘಡಗಳು ನಿಂತಿಲ್ಲ. 2019ರ ಜುಲೈನಲ್ಲಿ ಕೋಲ್ಕತ್ತ ವಿಮಾನ ನಿಲ್ದಾಣದಲ್ಲಿ ರಾತ್ರಿ ಪಾಳಿಯ ಯುವ ತಂತ್ರಜ್ಞರೊಬ್ಬರು ಕ್ಯೂ400 ವಿಮಾನದ ಗೇರ್ ಬಳಿ ಕೆಲಸ ಮಾಡುತ್ತಿದ್ದಾಗ ಹೈಡ್ರಾಲಿಕ್ ಬಾಗಿಲು ಮುಚ್ಚಿಕೊಂಡು ಪ್ರಾಣ ಕಳೆದುಕೊಂಡರು. 2021ರ ಜೂನ್‌ನಲ್ಲಿ ಲಂಡನ್ನಿನ ಹೀಥ್ರೂನಲ್ಲಿ ನಿಂತಿದ್ದ ಬೋಯಿಂಗ್ 787 ವಿಮಾನದ ಮುಂಚಕ್ರ ಮಡಚಿಕೊಂಡು ಮೂತಿ ನೆಲಕ್ಕೆ ಬಡಿಯಿತು. ಅಲ್ಲಿ ಪಿನ್ ಹಾಕದೆ ಇರಲಿಲ್ಲ. ಒಬ್ಬರು ಜಾಗ ತೋರಿಸಿದರು, ಇನ್ನೊಬ್ಬರು ಹಾಕಿದರು. ಆದರೆ ಅದು ಹೋಗಿದ್ದು ಪಕ್ಕದ ಬೇರೆ ತೂತಿಗೆ. ಕಾಕ್‌ಪಿಟ್‌ನಲ್ಲಿ ಗೇರ್ ಲಿವರ್ ಮೇಲಕ್ಕೆತ್ತಿದಾಗ ಸತ್ಯ ಹೊರಬಿತ್ತು.

ಹಾಗಾಗಿ ‘ಪಿನ್ ಹಾಕಿದೆಯಾ?’ ಎಂಬ ಪ್ರಶ್ನೆಗೆ ‘ಹೂಂ’ ಎಂಬ ಉತ್ತರ ಸಾಲದು. ‘ಯಾವ ತೂತಿನಲ್ಲಿ? ನಾನೂ ಒಮ್ಮೆ ನೋಡುತ್ತೇನೆ’ ಎನ್ನಬೇಕು. ಕಷ್ಟ ಇರುವುದೇ ಇಲ್ಲಿ. ಹಿರಿಯರ ಮಾತನ್ನು ಮರುಪರಿಶೀಲಿಸುವುದು ಅವರನ್ನು ಅನುಮಾನಿಸಿದಂತೆ ಎಂದು ನಾವು ಬೆಳೆದಿದ್ದೇವೆ. ಅದರ ಮೇಲೆ ಹೊಸಬನಿಗೆ ನೌಕರಿಯ ಭಯ ಬೇರೆ.

ವಿಮಾನ ತಡವಾದರೆ ಕಂಪನಿಗೆ ನಷ್ಟವಲ್ಲವೇ ಎಂದು ಕೇಳಬಹುದು. ನಷ್ಟವೇ, ನಿಜ. ಆದರೆ ಪಿನ್ ನೋಡಲು ಬೇಕಾದದ್ದು ಒಂದೆರಡು ನಿಮಿಷ. ನೆಲಕ್ಕೆ ಬಡಿದ ವಿಮಾನವನ್ನು ಎತ್ತಿ ರಿಪೇರಿ ಮಾಡಬಹುದು. ಹೋದ ಜೀವ ಮರಳುವುದಿಲ್ಲ.

ಆದ್ದರಿಂದ ನಮ್ಮ ಪ್ರಾಕ್ಟಿಕಲ್ ಪರೀಕ್ಷೆಗಳು ಬದಲಾಗಬೇಕು. ಬಿಡಿಭಾಗಗಳ ಹೆಸರು ಒಪ್ಪಿಸಿದವರಿಗಷ್ಟೇ ಅಂಕ ಕೊಟ್ಟರೆ ಸಾಲದು. ಪರೀಕ್ಷಕರು ಬೇಕೆಂದೇ ಪಿನ್ ಹಾಕದೆ ಬಿಟ್ಟು, ‘ಬೇಗ ಕೆಳಗೆ ಹೋಗಿ ನೋಡು’ ಎನ್ನಲಿ. ಹೋಗದೆ ನಿಂತವರಿಗೆ ಪೂರ್ಣ ಅಂಕ ಸಿಗಲಿ.

ಈ ಕ್ಷೇತ್ರದಲ್ಲಿ ಕೆಲಸ ಹುಡುಕುತ್ತಿರುವ ಗೆಳೆಯರೇ, ಸಂದರ್ಶನದಲ್ಲಿ ಸಂಬಳದ ಜೊತೆಗೆ ಇನ್ನೊಂದು ಪ್ರಶ್ನೆ ಕೇಳಿ: ‘ಅನುಮಾನ ಬಂದು ಹೊಸಬನೊಬ್ಬ ಕೆಲಸ ನಿಲ್ಲಿಸಿದರೆ ಇಲ್ಲಿ ಏನು ಮಾಡುತ್ತೀರಿ?’ ಆ ಉತ್ತರದಲ್ಲೇ ಆ ಕಂಪನಿ ನಿಮ್ಮ ಜೀವಕ್ಕೆ ಕೊಡುವ ಬೆಲೆ ಗೊತ್ತಾಗುತ್ತದೆ.