ತಡವಾಯಿತೆಂಬ ಕಾರಣಕ್ಕೆ

ನೌಕರಿಯಲ್ಲಿದ್ದವರು ಸೇವೆಯಲ್ಲಿರುವಾಗಲೇ ತೀರಿಕೊಂಡರೆ ಮನೆಯವರಿಗೆ ಬರಬೇಕಾದ ಬಾಬುಗಳು ಹಲವು: ಕುಟುಂಬ ಪಿಂಚಣಿ, ಗ್ರ್ಯಾಚುಟಿ, ಭವಿಷ್ಯ ನಿಧಿ, ವಿಮೆ, ಸರ್ಕಾರಿ ನೌಕರರಾಗಿದ್ದರೆ ಅನುಕಂಪದ ನೌಕರಿ. ಕೇಳುವುದು ತಡವಾದರೆ ಇವುಗಳಲ್ಲಿ ಯಾವುದು ಉಳಿಯುತ್ತದೆ, ಯಾವುದು ಕೈತಪ್ಪುತ್ತದೆ? ಕಾನೂನು ಎಲ್ಲಕ್ಕೂ ಒಂದೇ ಉತ್ತರ ಕೊಡುವುದಿಲ್ಲ.

ಪಿಂಚಣಿ ಯಾರೋ ಕೊಡುವ ಇನಾಮಲ್ಲ, ಆಸ್ತಿಯಂಥ ಹಕ್ಕು ಎಂದು ಸುಪ್ರೀಂ ಕೋರ್ಟ್ 1971ರ ದೇವಕಿನಂದನ್ ಪ್ರಸಾದ್ ಪ್ರಕರಣದಲ್ಲೇ ಹೇಳಿತು. ತಿಂಗಳು ತಿಂಗಳು ಕೊಡಬೇಕಾದ್ದನ್ನು ಕೊಡದಿದ್ದರೆ ತಿಂಗಳು ತಿಂಗಳೂ ಹೊಸ ಅನ್ಯಾಯವೇ. ಹಾಗಾಗಿ ಹತ್ತು ವರ್ಷ ಬಿಟ್ಟು ಬಂದರೂ ಪಿಂಚಣಿಯ ಹಕ್ಕು ಸಾಯುವುದಿಲ್ಲ. ಹಿಂಬಾಕಿ ಮಾತ್ರ ಪೂರ್ತಿ ಸಿಗದು. 2008ರ ತರ್ಸೇಮ್ ಸಿಂಗ್ ತೀರ್ಪಿನಂತೆ ಸಾಮಾನ್ಯವಾಗಿ ಅರ್ಜಿಗೆ ಹಿಂದಿನ 3 ವರ್ಷದ್ದಷ್ಟೇ. ಗ್ರ್ಯಾಚುಟಿಯ 1972ರ ಕೇಂದ್ರ ನಿಯಮಗಳು ವಾರಸುದಾರರಿಗೆ 1 ವರ್ಷದ ಗಡುವು ಕೊಟ್ಟವು. ಗಡುವು ಮೀರಿತೆಂಬ ಒಂದೇ ಕಾರಣಕ್ಕೆ ಹಕ್ಕು ಹೋಗದು ಎಂದೂ ಹೇಳಿದವು.

ಅನುಕಂಪದ ನೌಕರಿಯಲ್ಲಿ ಈ ಉದಾರತೆ ಇಲ್ಲ. ಕರ್ನಾಟಕದ 1996ರ ನಿಯಮಗಳು ಸಾವಿನ ದಿನದಿಂದ 1 ವರ್ಷದೊಳಗೆ ಅರ್ಜಿ ಕೇಳಿದವು. ಇದು ಹಕ್ಕಲ್ಲ, ದಿಢೀರನೆ ಬಂದೆರಗಿದ ಕಷ್ಟದಿಂದ ಮನೆಯನ್ನು ಪಾರುಮಾಡುವ ಆಸರೆ. ಆ ಕಷ್ಟದ ಕಾಲ ಕಳೆದ ಮೇಲೆ ಕೇಳುವಂತಿಲ್ಲ ಎನ್ನುವುದು 1994ರ ಉಮೇಶ್ ಕುಮಾರ್ ನಾಗಪಾಲ್ ತೀರ್ಪಿನಿಂದ ಬಂದ ತರ್ಕ. ಹರಿಯಾಣದ ಪೊಲೀಸ್ ಪೇದೆಯೊಬ್ಬರು 1997ರಲ್ಲಿ ಕರ್ತವ್ಯದಲ್ಲಿದ್ದಾಗ ತೀರಿಕೊಂಡರು. ಮಗನಿಗೆ ಆಗ 7 ವರ್ಷ. ಪ್ರಾಯಕ್ಕೆ ಬಂದು 2008ರಲ್ಲಿ ಆತ ನೌಕರಿ ಕೇಳಿದ, ಇಲಾಖೆ ಒಪ್ಪಲಿಲ್ಲ. 2024ರಲ್ಲಿ ಸುಪ್ರೀಂ ಕೋರ್ಟ್ ಕೂಡ 11 ವರ್ಷದ ಅಂತರವನ್ನು ಎತ್ತಿ ತೋರಿಸಿ ಇಲ್ಲವೆಂದಿತು. ತಾಯಿ ಇಡಿಗಂಟು ಪರಿಹಾರ ಕೇಳುವುದಕ್ಕೆ ಮಾತ್ರ ಅವಕಾಶ ಉಳಿಸಿತು.

ಈ ತರ್ಕವನ್ನು ತಳ್ಳಿಹಾಕುವಂತಿಲ್ಲ. ಅನುಕಂಪದಲ್ಲಿ ತುಂಬಿದ ಪ್ರತಿ ಹುದ್ದೆಯೂ ಪರೀಕ್ಷೆಗೆ ಓದುತ್ತಿರುವ ಇನ್ನೊಂದು ಬಡ ಮಗುವಿಗೆ ತಪ್ಪಿದ ಹುದ್ದೆ. ಆದರೆ ‘ಇಷ್ಟು ವರ್ಷ ಹೇಗೋ ಬದುಕಿದ್ದೀರಲ್ಲ, ಇನ್ನು ಕಷ್ಟವೆಲ್ಲಿದೆ’ ಎಂಬ ಊಹೆಯನ್ನು ನಾನು ಒಪ್ಪಲಾರೆ. ಹೇಗೆ ಬದುಕಿದರು ಎಂದು ಕೇಳಬೇಡವೇ? ತಾಳಿ ಅಡವಿಟ್ಟು, ಮಗಳನ್ನು ಶಾಲೆ ಬಿಡಿಸಿ, ಕೈಸಾಲದಲ್ಲಿ ಬದುಕಿದ್ದು ಕಷ್ಟ ತೀರಿದ್ದಕ್ಕೆ ಸಾಕ್ಷಿಯಲ್ಲ.

ತಡ ಎಲ್ಲಿ ಹುಟ್ಟುತ್ತದೆ ಎನ್ನುವುದನ್ನೂ ನೋಡಬೇಕು. ಸೇವಾ ಪುಸ್ತಕ ಕಚೇರಿಯ ಬೀರುವಿನಲ್ಲಿರುತ್ತದೆ, ನಾಮನಿರ್ದೇಶನದ ಪತ್ರವೂ ಅಲ್ಲೇ. ಗಂಡನಿಗೆ ಎಷ್ಟು ವಿಮೆಯಿತ್ತು ಎನ್ನುವುದು ಹೆಂಡತಿಗೆ ಗೊತ್ತಿರುವುದಿಲ್ಲ, ಸಂಬಳದ ಬಿಲ್ಲು ಬರೆಯುವ ಗುಮಾಸ್ತರಿಗೆ ಗೊತ್ತಿರುತ್ತದೆ. ಆಕೆ ಮರಣ ಪ್ರಮಾಣಪತ್ರ, ನಾಡಕಚೇರಿಯ ವಂಶವೃಕ್ಷ, ಆಧಾರ್ ಜೆರಾಕ್ಸ್ ಹಿಡಿದು ಹೋದರೆ ‘ಫೈಲ್ ಮೇಲಕ್ಕೆ ಹೋಗಿದೆ, ಮುಂದಿನ ವಾರ ಬಾಮ್ಮ’ ಎನ್ನುತ್ತಾರೆ. ಆ ಮುಂದಿನ ವಾರಗಳೆಲ್ಲ ಕೂಡಿ ವರ್ಷಗಳಾಗುತ್ತವೆ. ಕೊನೆಗೆ ಕೋರ್ಟಿನಲ್ಲಿ ಅವು ಆಕೆಯ ವಿಳಂಬವೆಂದು ಲೆಕ್ಕಕ್ಕೆ ಬರುತ್ತವೆ. ಮನವಿ ಮೇಲೆ ಮನವಿ ಕೊಟ್ಟರೂ, ಅದಕ್ಕೊಂದು ಹಿಂಬರಹ ಸಿಕ್ಕರೂ ಹಳತಾದ ಹಕ್ಕಿಗೆ ಮರುಜೀವ ಬರುವುದಿಲ್ಲ ಎಂದು 2008ರ ಸಿ. ಜೇಕಬ್ ತೀರ್ಪು ಹೇಳುತ್ತದೆ. ಸರ್ಕಾರಿ ನೌಕರರ ಪ್ರಕರಣಗಳಿಗಿರುವ 1985ರ ಆಡಳಿತ ನ್ಯಾಯಮಂಡಳಿ ಕಾಯ್ದೆಯಲ್ಲಂತೂ ಮನವಿಗೆ ಉತ್ತರ ಬಾರದಿದ್ದರೆ 6 ತಿಂಗಳು ಕಾದು, ಅಲ್ಲಿಂದ 1 ವರ್ಷದೊಳಗೆ ಮಂಡಳಿಗೆ ಹೋಗಬೇಕು. ಇದನ್ನು ಆ ಹೆಣ್ಣುಮಗಳಿಗೆ ಹೇಳುವವರು ಯಾರು?

ಹೇಳಬೇಕಾದ್ದು ಕಚೇರಿಯೇ. ಏನೇನು ಬರಬೇಕು, ಯಾವುದಕ್ಕೆ ಯಾವ ಗಡುವು, ಯಾವ ಕಾಗದ ಬೇಕು ಎಂದು ಕನ್ನಡದಲ್ಲಿ ಬರೆದು ಮನೆಗೆ ತಲುಪಿಸಿ ರುಜು ಪಡೆದ ದಿನದಿಂದಲೇ ಗಡುವು ಶುರುವಾಗಬೇಕು. ತಿಳಿಸದ ಕಚೇರಿಗೆ ತಡವಾಯಿತೆಂದು ವಾದಿಸುವ ನೈತಿಕ ಅಧಿಕಾರವಿಲ್ಲ.

ನಿಯಮ ಬದಲಾಗುವ ತನಕ ಒಂದು ವಿನಂತಿ. ನಿಮ್ಮ ಬೀದಿಯಲ್ಲಿ ಇಂಥ ಸಾವಾದರೆ, ವೈಕುಂಠ ಸಮಾರಾಧನೆ ಮುಗಿದ ವಾರವೇ ಆ ಮನೆಯವರ ಜೊತೆ ಕಚೇರಿಗೆ ಹೋಗಿ, ಅರ್ಜಿ ಕೊಡಿಸಿ, ನಕಲಿನ ಮೇಲೆ ತಾರೀಖು ಸಮೇತ ಸ್ವೀಕೃತಿ ಮುದ್ರೆ ಹಾಕಿಸಿಕೊಂಡು ಬನ್ನಿ.