ಪತ್ರಿಕಾಕರ್ತನೂ ಪರಿಷತ್ತಿನ ಪೀಠವೂ

ಕಳೆದ ವಾರ ಬಂಗಾರಪೇಟೆಯ ನಮ್ಮ ಕಾರ್ಯಾಲಯಕ್ಕೆ ಇಬ್ಬರು ಮಹನೀಯರು ದಯಮಾಡಿಸಿದ್ದರು. ಕುಶಲಪ್ರಶ್ನೆಯೂ ಕಾಫಿಯೂ ಮುಗಿದ ತರುವಾಯ ಬಂದ ಕಾರ್ಯವನ್ನು ತಿಳಿಸಿದರು. ವಿಧಾನ ಪರಿಷತ್ತಿನಲ್ಲಿ ನಾಮಕರಣದ ಸ್ಥಾನವೊಂದು ತೆರವಾಗಲಿರುವುದೆಂದೂ, ಅದಕ್ಕೆ ನಮ್ಮ ಹೆಸರನ್ನು ಸೂಚಿಸಲು ತಮ್ಮ ಪಕ್ಷದ ಹಿರಿಯರು ಒಪ್ಪಿರುವರೆಂದೂ, ಡಿ. ವಿ. ಗುಂಡಪ್ಪನವರಂತಹ ಪತ್ರಿಕಾಕರ್ತರೇ ಹಿಂದೆ ಮೈಸೂರಿನ ನ್ಯಾಯವಿಧಾಯಕ ಸಭೆಯಲ್ಲಿ ಕುಳಿತಿದ್ದ ಮೇಲೆ ನಮಗೇಕೆ ಸಂಕೋಚವೆಂದೂ ಅವರ ವಾದ. ಈ ವಿಷಯವು ಪತ್ರಿಕೆಯನ್ನು ಹಣ ಕೊಟ್ಟು ಓದುವ ವಾಚಕರಿಗೂ ಸಂಬಂಧಿಸಿದುದಾದ ಕಾರಣ, ಉತ್ತರವನ್ನು ಈ ಅಂಕಣದಲ್ಲಿಯೇ ಕೊಡುವುದು ಯುಕ್ತವೆಂದು ಭಾವಿಸಿದ್ದೇವೆ.

ಗುಂಡಪ್ಪನವರು ನಮ್ಮ ಸೀಮೆಯವರು. 1887ರಲ್ಲಿ ಮುಳಬಾಗಿಲಿನಲ್ಲಿ ಹುಟ್ಟಿದರು. ಮೆಟ್ರಿಕ್ಯುಲೇಷನ್ ಪರೀಕ್ಷೆ ಕೈಗೂಡಲಿಲ್ಲ. ಹೊಟ್ಟೆಪಾಡಿಗಾಗಿ ಇದೇ ಚಿನ್ನದ ಗಣಿಯ ಸೋಡಾ ಕಾರ್ಖಾನೆಯೊಂದರಲ್ಲಿ ಕೆಲಕಾಲ ದುಡಿದರು. ಬೆಂಗಳೂರಿಗೆ ಹೋಗಿ ಜಟಕಾಗಾಡಿಗೆ ಬಣ್ಣ ಬಳಿಯುವ ಕಾರ್ಖಾನೆಯನ್ನೂ ಕಂಡರು. (ನಮಗಾದರೋ ಮೆಟ್ರಿಕ್ಯುಲೇಷನ್ ಸಿಕ್ಕಿತು; ಅವರಿಗೆ ಸಿಕ್ಕಿದ ಮಿಕ್ಕದ್ದೊಂದೂ ಸಿಕ್ಕಲಿಲ್ಲ.) ಅನಂತರ ಪತ್ರಿಕೆಗಳ ದಾರಿ. 1908ರಲ್ಲಿ ಮೈಸೂರು ಸರ್ಕಾರವು ವೃತ್ತಪತ್ರಿಕೆಗಳ ಕಾಯಿದೆಯನ್ನು ತಂದು ಲೇಖನಿಗೆ ಕಡಿವಾಣ ಹಾಕಿದ ಕಾಲವದು. ಅಂತಹ ಕಾಲದಲ್ಲಿ ಕಸುಬು ಕಲಿತವರು 'ಕರ್ಣಾಟಕ' ಎಂಬ ಇಂಗ್ಲಿಷ್ ಪತ್ರಿಕೆಯನ್ನು ನಡೆಸಿ ಹೆಸರಾದರು. ಹಲವು ವರ್ಷಗಳ ಕಾಲ ನ್ಯಾಯವಿಧಾಯಕ ಸಭೆಯ ಸದಸ್ಯರಾಗಿದ್ದರು.

ಆ ಸಭೆಯಾದರೂ ಎಂತಹುದು? 1907ರಲ್ಲಿ ಸ್ಥಾಪಿತವಾಗಿ 1923ರ ಸುಧಾರಣೆಯಲ್ಲಿ ಐವತ್ತು ಮಂದಿಗೆ ಬೆಳೆದಿತ್ತು. ದಿವಾನರನ್ನು ಇಳಿಸುವ ಅಧಿಕಾರ ಸದಸ್ಯರಿಗಿರಲಿಲ್ಲ. ಪ್ರಶ್ನೆ ಕೇಳಬಹುದು, ಆಯವ್ಯಯವನ್ನು ವಿಮರ್ಶಿಸಬಹುದು, ನಿರ್ಣಯ ಮಂಡಿಸಬಹುದು. ಸದಸ್ಯನ ಹಸ್ತಕ್ಕೆ ಬಲವಿಲ್ಲ, ನಾಲಗೆಗೆ ಮಾತ್ರ ಅವಕಾಶ. ಪತ್ರಿಕಾಕರ್ತನಿಗೆ ಇದರಿಂದ ಆದ ನಷ್ಟವೇನು? ಅಂಕಣದಲ್ಲಿ ಬರೆದುದನ್ನೇ ಸಭೆಯಲ್ಲಿ ಎದ್ದು ನಿಂತು ಹೇಳುವುದಷ್ಟೆ. ಮೈಸೂರಿನ ತಾತಯ್ಯ ವೆಂಕಟಕೃಷ್ಣಯ್ಯನವರೂ ಪತ್ರಿಕೆ ನಡೆಸುತ್ತಲೇ ಪ್ರಜಾಪ್ರತಿನಿಧಿ ಸಭೆಯಲ್ಲಿ ಇದನ್ನೇ ಮಾಡಿದರು.

ಹಾಗೆಂದು ಗುಂಡಪ್ಪನವರ ರಾಜಕೀಯವೆಲ್ಲವೂ ನಮಗೆ ಸಮ್ಮತವೆಂದು ತಿಳಿಯಬಾರದು. ಅವರು ಗೋಖಲೆಯವರ ಮಾರ್ಗದವರು. ನಯದಿಂದ, ಯುಕ್ತಿಯಿಂದ ರಾಜ್ಯಾಂಗವು ತಿದ್ದುಪಡಿಯಾಗುವುದೆಂದು ನಂಬಿದವರು. ಮೈಸೂರಿಗೆ ಜವಾಬ್ದಾರಿ ಸರ್ಕಾರ ಬಂದುದು ಆ ನಯದಿಂದಲ್ಲ. 1947ರ ಸೆಪ್ಟೆಂಬರಿನಲ್ಲಿ ಮೈಸೂರು ಚಲೋ ಎಂದು ಹೊರಟು ಸೆರೆಮನೆ ತುಂಬಿದ ಜನರಿಂದ. ಅದರ ಫಲವಾಗಿ ಅಕ್ಟೋಬರಿನಲ್ಲಿ ಮುಖ್ಯಮಂತ್ರಿಯಾದವರು ನಮ್ಮ ಸೀಮೆಯದೇ ಆದ ಕ್ಯಾಸಂಬಳ್ಳಿಯ ಕೆ. ಚೆಂಗಲರಾಯರೆಡ್ಡಿಯವರು. ಸರ್ಕಾರವನ್ನು ಪಡೆಯುವ ಕೆಲಸವೇ ಬೇರೆ, ಪಡೆದ ಸರ್ಕಾರವನ್ನು ಪ್ರಶ್ನಿಸುವ ಕೆಲಸವೇ ಬೇರೆ. ಎರಡನೆಯ ಕೆಲಸಕ್ಕೆ ಗುಂಡಪ್ಪನವರಷ್ಟು ಯೋಗ್ಯರು ವಿರಳ. 1970ರಲ್ಲಿ ಸಾರ್ವಜನಿಕರು ಅರ್ಪಿಸಿದ ನಿಧಿಯನ್ನು ಮನೆಗೊಯ್ಯದೆ ತಾವು 1945ರಲ್ಲಿ ಸ್ಥಾಪಿಸಿದ್ದ ಗೋಖಲೆ ಸಾರ್ವಜನಿಕ ವಿಚಾರಸಂಸ್ಥೆಗೆ ಒಪ್ಪಿಸಿದವರು ಅವರು. ಹಂಗಿಲ್ಲದವನ ಮಾತಿಗೆ ದಿವಾನರೂ ಕಿವಿಗೊಡಬೇಕಾಗುತ್ತದೆ.

ಇಂದಿನ ಸ್ಥಿತಿ ವಿಪರೀತವಾಗಿದೆ. ಸಭೆಗೆ ಬಲ ಬಂದಿದೆ, ಸದಸ್ಯನ ನಾಲಗೆ ಕಟ್ಟಿಹೋಗಿದೆ. ಪರಿಷತ್ತಿನ ಎಪ್ಪತ್ತೈದು ಸ್ಥಾನಗಳಲ್ಲಿ ಹನ್ನೊಂದು ನಾಮಕರಣದವು. ಸಾಹಿತ್ಯ, ವಿಜ್ಞಾನ, ಕಲೆ, ಸಹಕಾರ, ಸಮಾಜಸೇವೆ ಇವುಗಳಲ್ಲಿ ಅನುಭವವುಳ್ಳವರಿಗೆಂದು ರಾಜ್ಯಾಂಗದ ವಿಧಿ. ಪತ್ರಿಕಾವೃತ್ತಿಯ ಹೆಸರು ಅದರಲ್ಲಿಲ್ಲ. ನಮ್ಮನ್ನು ಯಾವ ಬಾಗಿಲಿನಿಂದ ಒಳಗೆ ಬಿಡುವರೋ ಅರಿಯೆವು. 1985ರ ಪಕ್ಷಾಂತರ ನಿಷೇಧದ ಕಾನೂನಿನ ಮೇರೆಗೆ ನಾಮಕರಣಗೊಂಡವನು ಆರು ತಿಂಗಳೊಳಗೆ ಪಕ್ಷವೊಂದನ್ನು ಸೇರಬಹುದು. ಸೇರಿದ ಬಳಿಕ ಸಚೇತಕರ ಅಪ್ಪಣೆ ಮೀರಿ ಮತ ಕೊಟ್ಟರೆ ಸ್ಥಾನಕ್ಕೇ ಸಂಚಕಾರ. ಸೇರದೆಯೇ ಇರಬಹುದಲ್ಲವೆ ಎಂದು ಕೇಳಬಹುದು. ಕಾನೂನಿನ ಅಡ್ಡಿಯಿಲ್ಲ, ನಿಜ. ಆದರೆ ಬಂದ ಮಹನೀಯರು ಪಕ್ಷದ ಸದಸ್ಯತ್ವದ ಅರ್ಜಿಯನ್ನು ಜೇಬಿನಲ್ಲಿಯೇ ಇಟ್ಟುಕೊಂಡು ಬಂದಿದ್ದರು!

ಹಗಲು ಸಚೇತಕರ ಅಪ್ಪಣೆಯಂತೆ ಕೈಯೆತ್ತಿದವನು ರಾತ್ರಿ ಅದೇ ಮಸೂದೆಯನ್ನು ಖಂಡಿಸಿ ಬರೆದಾನೆಯೆ? ಬರೆದರೂ ಓದುವವರು ನಂಬಿಯಾರೆ? ಪತ್ರಿಕೆಯ ಪ್ರತಿಯೊಂದು ಪ್ರತಿಯಲ್ಲಿಯೂ ಸಂಪಾದಕನ ಹೆಸರನ್ನು ಅಚ್ಚು ಮಾಡಬೇಕೆಂದು ಕಾನೂನಿದೆ. ಪೀಠವನ್ನು ಒಪ್ಪಿಕೊಂಡ ಪತ್ರಿಕಾಕರ್ತನು ಆ ಹೆಸರಿನ ಪಕ್ಕದಲ್ಲಿ ಪಕ್ಷದ ಹೆಸರನ್ನೂ ಅಚ್ಚು ಮಾಡಿಸಲಿ, ಇಲ್ಲವೆ ಪತ್ರಿಕೆಯನ್ನು ಅನ್ಯರಿಗೆ ಒಪ್ಪಿಸಿ ಹೋಗಲಿ. ನಮ್ಮ ಪತ್ರಿಕೆಯನ್ನು ಒಪ್ಪಿಸಿಕೊಳ್ಳುವವರು ಯಾರೂ ಕಾಣರು. ಕಾಗದದ ಸಾಲವನ್ನೂ ಜೊತೆಗೇ ಹೊರಬೇಕಾಗುವುದಲ್ಲ!

ಆದಕಾರಣ, ಆ ಮಹನೀಯರಿಗೆ ನಮ್ಮ ವಂದನೆಗಳು, ಪೀಠವನ್ನು ಒಲ್ಲೆವು. ಅವರು ಕಳುಹಿಸುವ ಸದಸ್ಯರಿಗೆ ಒಂದು ಪ್ರಶ್ನೆಯನ್ನು ಮಾತ್ರ ಸಿದ್ಧಪಡಿಸಿ ಕೊಡುತ್ತೇವೆ. ಗಣಿಗಳು 2001ರಲ್ಲಿ ಮುಚ್ಚಿದವು. ಸೈನೈಡ್ ದಿಬ್ಬಗಳು ಹಾಗೆಯೇ ನಿಂತಿವೆ. ಬೇಸಗೆಯ ಗಾಳಿಗೆ ಎದ್ದ ಧೂಳು ಕಾರ್ಮಿಕರ ಸಾಲುಮನೆಗಳ ಅನ್ನದ ತಟ್ಟೆಗೆ ಬೀಳುತ್ತಿದೆ. ಇದಕ್ಕೆ ಏನು ಮಾಡಿದ್ದೀರಿ ಎಂದು ಸರ್ಕಾರವನ್ನು ಮೊದಲನೆಯ ದಿನವೇ ಕೇಳಲಿ. ಬಂದ ಉತ್ತರವನ್ನು ಒಂದಕ್ಷರವೂ ಬಿಡದೆ ಮೊದಲನೆಯ ಪುಟದಲ್ಲಿ ಪ್ರಕಟಿಸುತ್ತೇವೆ.